ಯುದ್ಧ ಮುಗಿದ ಮರುದಿನ: ಫ್ಯಾನ್ ಕಾಮಿಕ್‌ಗಳು ನಾಯಕರನ್ನು ಕೇಳುವ ಪ್ರಶ್ನೆ

ಪೆರ್ಲದ ಕುಂಚ

ಫ್ಯಾನ್ ಕಾಮಿಕ್, ಅಂದರೆ ಮೆಚ್ಚಿದ ಕಥೆಯ ಪಾತ್ರಗಳನ್ನು ಇಟ್ಟುಕೊಂಡು ಅಭಿಮಾನಿಗಳೇ ಬಿಡಿಸುವ ಚಿತ್ರಕಥೆ, ಓದುವವರು, ಬಿಡಿಸುವವರು ಇಲ್ಲಿ ಸುಮಾರು ಮಂದಿ ಇದ್ದೀರಿ. ಬಹಳ ದಿನದಿಂದ ತಲೆ ಕೊರೆಯುತ್ತಿರುವ ಒಂದು ವಿಷಯವನ್ನು ನಿಮ್ಮೆಲ್ಲರ ಮುಂದೆ ಇಡುತ್ತೇನೆ.

ಮೂಲ ಕಥೆಯಲ್ಲಿ ನಾಯಕ ಗೆಲ್ಲುತ್ತಾನೆ, ಶಾಂತಿ ಬರುತ್ತದೆ, ಪುಸ್ತಕ ಮುಗಿಯುತ್ತದೆ. ಆ ಶಾಂತಿಗೆ ಯಾರು ಎಷ್ಟು ತೆತ್ತರು ಎಂದು ಲೆಕ್ಕ ಕೇಳುವವರು ಅಭಿಮಾನಿಗಳು. 'ನರುಟೊ' ಎಂಬ ಮಾಂಗಾ (ಜಪಾನಿ ಕಾಮಿಕ್) ನಿಮಗೆಲ್ಲ ಗೊತ್ತು, 1999ರಿಂದ 2014ರವರೆಗೆ ಬಂದದ್ದು. ಅದರಲ್ಲಿ ಇಟಾಚಿ ಎಂಬ ಹದಿಮೂರರ ಹುಡುಗ, ಊರಲ್ಲಿ ದಂಗೆ ಏಳಬಾರದೆಂದು, ಮೇಲಿನವರ ಆಜ್ಞೆಯಂತೆ ತನ್ನ ಉಚಿಹಾ ಕುಲವನ್ನೇ ಒಂದು ರಾತ್ರಿಯಲ್ಲಿ ಮುಗಿಸುತ್ತಾನೆ. ತಮ್ಮ ಸಾಸುಕೆಯನ್ನು ಮಾತ್ರ ಉಳಿಸುತ್ತಾನೆ. ಊರು ಅವನನ್ನು ದ್ರೋಹಿ ಎನ್ನುತ್ತದೆ. ನಿಜ ಹೊರಗೆ ಬರುವುದು ಎಷ್ಟೋ ಕಾಲದ ಮೇಲೆ. ಮೂಲದಲ್ಲಿ ನಮ್ಮ ಕಣ್ಣೀರೆಲ್ಲ ಇಟಾಚಿಗೆ ಸಲ್ಲುತ್ತದೆ. ಆ ರಾತ್ರಿ ಸತ್ತ ಮನೆಗಳ ಒಳಗೆ ಹೋಗಿ ನೋಡುವ ಕೆಲಸವನ್ನು ಅಭಿಮಾನಿಗಳು ಮಾಡಿದ್ದಾರೆ. ಆಜ್ಞೆ ಕೊಟ್ಟವರು ಮರುದಿನ ಬೆಳಿಗ್ಗೆ ಯಾವ ಮುಖ ಹೊತ್ತು ಅದೇ ಬೀದಿಯಲ್ಲಿ ನಡೆದರು ಎಂಬುದೂ ಅವರದೇ ಪ್ರಶ್ನೆ.

ನನ್ನ ಅಭಿಪ್ರಾಯ ನೇರವಾಗಿ ಹೇಳುತ್ತೇನೆ. ಫ್ಯಾನ್ ಕಾಮಿಕ್‌ಗಳಲ್ಲಿ ಎರಡು ಜಾತಿ ಉಂಟು. ಒಂದು, ಅಂತ್ಯವನ್ನೇ ಬದಲಿಸಿ ಸತ್ತವರನ್ನೆಲ್ಲ ಬದುಕಿಸುವಂಥದ್ದು. ಇನ್ನೊಂದು, ಅಂತ್ಯವನ್ನು ಹಾಗೆಯೇ ಒಪ್ಪಿಕೊಂಡು ಅದರ ಮರುದಿನದಿಂದ ಶುರುವಾಗುವಂಥದ್ದು. ಮೊದಲನೆಯದು ಓದುವಾಗ ಸಮಾಧಾನ ಕೊಡುತ್ತದೆ, ಆದರೆ ಬೆಲೆಯನ್ನೇ ಅಳಿಸಿ ಹಾಕುತ್ತದೆ. ನಾಯಕತ್ವವನ್ನು ನಿಜವಾಗಿ ಪರೀಕ್ಷೆಗೆ ಒಡ್ಡುವುದು ಎರಡನೆಯದು.

ನಾನೀಗ ಬಿಡಿಸುತ್ತಿರುವುದು ಮಹಾಭಾರತದ ಯುಯುತ್ಸುವಿನ ಕಥೆ. ಧೃತರಾಷ್ಟ್ರನ ಮಗ, ಗಾಂಧಾರಿಯ ಹೊಟ್ಟೆಯವನಲ್ಲ. ಯುದ್ಧ ಶುರುವಾಗುವ ಮುಂಚೆ ಧರ್ಮರಾಯ 'ನಮ್ಮ ಕಡೆ ಬರುವವರಿದ್ದರೆ ಬನ್ನಿ' ಎಂದು ಕೂಗಿದಾಗ ದಾಟಿ ಬಂದವನು. ಧೃತರಾಷ್ಟ್ರನ ಗಂಡುಮಕ್ಕಳಲ್ಲಿ ಉಳಿದವನು ಅವನೊಬ್ಬನೇ. ಯುದ್ಧದ ನಂತರ ಹದಿನೈದು ವರ್ಷ ಆ ಮುದಿ ದಂಪತಿ ಹಸ್ತಿನಾವತಿಯಲ್ಲೇ ಇದ್ದರಲ್ಲ, ಆಗ ವಿದುರ, ಸಂಜಯರ ಜೊತೆ ಅವರ ಸೇವೆಗೆ ನಿಂತವನೂ ಅವನೇ.

ಒಂಬತ್ತನೇ ಪುಟ ಮಾತ್ರ ವಿವರಿಸುತ್ತೇನೆ. ಭೀಮ ತನ್ನ ತೋಳು ತಟ್ಟಿಕೊಂಡು 'ಕುರುಡನ ಮಕ್ಕಳನ್ನೆಲ್ಲ ಮುಗಿಸಿದ ತೋಳುಗಳಿವು' ಎಂದು ಗೆಳೆಯರ ನಡುವೆ ಹೇಳುತ್ತಾನೆ. ಮುದುಕನಿಗೆ ಅದು ಕೇಳುತ್ತದೆ. ಧರ್ಮರಾಯನಿಗೆ ಇದೊಂದೂ ಗೊತ್ತಿಲ್ಲ. ಇದು ನಾನು ಕಟ್ಟಿದ್ದಲ್ಲ, ಆಶ್ರಮವಾಸಿಕ ಪರ್ವದಲ್ಲೇ ಇದೆ. ಪುಟದಲ್ಲಿ ಐದು ಚೌಕಟ್ಟು. ಮೇಲಿನ ಮೂರರಲ್ಲಿ ಭೀಮನ ತೋಳು, ಅಂಗೈ, 'ಧಪ್' ಎಂಬ ದೊಡ್ಡ ಅಕ್ಷರ. ನಾಲ್ಕನೆಯದರಲ್ಲಿ ಬಾಳೆಲೆಯ ಮೇಲೆ ಅರ್ಧಕ್ಕೆ ನಿಂತ ಮುದುಕನ ಕೈ. (ಹಸ್ತಿನಾವತಿಯಲ್ಲಿ ಬಾಳೆಲೆ ಇತ್ತೇ ಎಂದು ಕೇಳಬಹುದು. ನಮ್ಮೂರಿನ ಓದುಗರಿಗೆ ಬಿಡಿಸುತ್ತಿದ್ದೇನೆ, ಬಾಳೆಲೆಯೇ ಇರಲಿ.) ಐದನೆಯದರಲ್ಲಿ ಬಡಿಸಲು ಬಗ್ಗಿದ ಯುಯುತ್ಸು. ಅವನಿಗೆ ಮಾತು ಕೊಟ್ಟಿಲ್ಲ. ಭೀಮನ ಮುಖವನ್ನು ಎಲ್ಲೂ ತೋರಿಸಿಲ್ಲ. ತೋರಿಸಬೇಕೇ? ನಿಮ್ಮೆಲ್ಲರ ಅಭಿಪ್ರಾಯ ಬೇಕು.

ಕುಂಬಳೆ ಅರ್ಥಧಾರಿ

ತಂಗಿ, ಒಳ್ಳೆಯ ವಿಷಯ ಎತ್ತಿದ್ದೀರಿ. ನೀವು ಎರಡನೇ ಜಾತಿ ಅಂದಿರಲ್ಲ, ಅದು ನಮ್ಮ ತಾಳಮದ್ದಳೆಯ, ಅಂದರೆ ವೇಷವಿಲ್ಲದೆ ಕೂತು ಮಾತಿನಲ್ಲೇ ನಡೆಸುವ ಯಕ್ಷಗಾನದ, ಹಳೆಯ ಕಸುಬು. ಪ್ರಸಂಗದ ಪದ, ಅಂದರೆ ಹಾಡು, ಏನು ಹೇಳುತ್ತದೋ ಅದನ್ನು ಮೀರುವಂತಿಲ್ಲ. ವಾಲಿ ಸಾಯಲೇಬೇಕು, ಸಂಧಾನ ಮುರಿಯಲೇಬೇಕು. ಆದರೆ ಎರಡು ಪದಗಳ ನಡುವೆ ಪಾತ್ರದ ಮಾತಾಡುವ ಅರ್ಥಧಾರಿಗೆ ಅರ್ಧ ಗಂಟೆ ಸಿಗುತ್ತದೆ. ಆ ಅರ್ಧ ಗಂಟೆಯಲ್ಲಿ ಬಾಣ ತಿಂದು ಬಿದ್ದ ವಾಲಿ ರಾಮನನ್ನು ಕೇಳಬಾರದ ಪ್ರಶ್ನೆಯೆಲ್ಲ ಕೇಳುತ್ತಾನೆ. ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿಯನ್ನು ಕೇಳಿದವರಿಗೆ ನಾನು ವಿವರಿಸಬೇಕಾಗಿಲ್ಲ. ರಾಮನನ್ನು ದೇವರೆಂದೇ ಪೂಜಿಸುವವರು ಎದುರು ಕೂತಿರುತ್ತಾರೆ, ವಾಲಿಯ ಮಾತಿಗೆ ತಲೆಯೂ ಆಡಿಸುತ್ತಾರೆ. ಯಾರೂ ಎದ್ದು ಹೋಗುವುದಿಲ್ಲ.

ನಿಮ್ಮ ವಿಷಯಕ್ಕೆ ಇನ್ನೂ ಹತ್ತಿರದ್ದು ಅಂಗದ ಸಂಧಾನ. ನಮ್ಮ ಯಕ್ಷಗಾನ ಕವಿ ಪಾರ್ತಿಸುಬ್ಬನ ಹೆಸರಿನಲ್ಲಿ ಬಂದ ಪ್ರಸಂಗ. ಅಂಗದ ಯಾರು? ವಾಲಿಯ ಮಗ. ಅಪ್ಪನನ್ನು ಕೊಂದವನ ದೂತನಾಗಿ ಶಾಂತಿಯ ಮಾತು ಹೊತ್ತು ಲಂಕೆಗೆ ಹೋಗುತ್ತಾನೆ. ರಾವಣ ಅಲ್ಲಿಗೇ ಕೈ ಹಾಕುತ್ತಾನೆ: 'ನಿನ್ನಪ್ಪ ನನ್ನ ಗೆಳೆಯ, ಅವನನ್ನು ಮರೆಯಲ್ಲಿ ನಿಂತು ಕೊಂದವನ ಚಾಕರಿ ಮಾಡುತ್ತೀಯಲ್ಲ ಮಗನೇ.' ಅಂಗದನ ವೇಷ ಎಷ್ಟು ಹಾರಾಡಿದರೂ ಆ ಮಾತು ಒಳಗೆ ಇಳಿಯದೆ ಇರುವುದಿಲ್ಲ. ಶಾಂತಿ ಬೇಕು ಅನ್ನುವವನು ಏನೇನು ನುಂಗಿಕೊಂಡು ಬಂದಿರುತ್ತಾನೆ ಎಂಬುದಕ್ಕೆ ಇದಕ್ಕಿಂತ ದೊಡ್ಡ ಪಾತ್ರ ಬೇರೆ ಬೇಕಾ? ಯುಯುತ್ಸು ಮುಗಿದ ಮೇಲೆ ಅಂಗದನನ್ನು ಬಿಡಿಸಿ.

ಭೀಮನ ಮುಖದ ಬಗ್ಗೆ: ತೋರಿಸಿ. ಮುಖ ಮುಚ್ಚಿದರೆ ಅವನು ರಾಕ್ಷಸ ಆಗುತ್ತಾನೆ. ಹದಿಮೂರು ವರ್ಷ ದ್ರೌಪದಿಯ ಮುಖ ನೋಡಿಕೊಂಡು ಕೋಪ ಕಟ್ಟಿಟ್ಟವನು ಅವನು. ಅವನಿಗೂ ಒಂದು ಪೀಠಿಕೆ ಬೇಕು.

ಮಂಜೇಶ್ವರ ಮಾಂಗಾ

ಅಕ್ಕ, ನಿಮ್ಮ ಮೊದಲ ಜಾತಿಯ ಪರವಾಗಿ ಮಾತಾಡಲು ಒಬ್ಬರಾದರೂ ಬೇಕು, ನಾನೇ ನಿಲ್ಲುತ್ತೇನೆ.

ಜಪಾನಿನಲ್ಲಿ ಅಭಿಮಾನಿಗಳು ತಾವೇ ಅಚ್ಚು ಹಾಕಿ ಮಾರುವ ಇಂಥ ಪುಸ್ತಕಗಳಿಗೆ ದೋಜಿನ್‌ಶಿ ಅನ್ನುತ್ತಾರೆ. ಟೋಕಿಯೋದ ಕಾಮಿಕೆಟ್ ಮೇಳ 1975ರ ಡಿಸೆಂಬರಿನಲ್ಲಿ ಶುರುವಾದಾಗ ಬಂದದ್ದು 32 ತಂಡ, ಸುಮಾರು 700 ಜನ. ಈಗ ಅಲ್ಲಿಗೆ ಲಕ್ಷಗಟ್ಟಲೆ ಜನ ಸೇರುತ್ತಾರೆ. ಅಲ್ಲಿನ ಪುಸ್ತಕಗಳಲ್ಲಿ, ಈಗ ನೆಟ್‌ನಲ್ಲಿ ಬರುವವುಗಳಲ್ಲಿ, 'ಹೀಗಾಗದಿದ್ದರೆ' ಅನ್ನುವ ಕಥೆಗಳು ರಾಶಿ ಉಂಟು. ಉಚಿಹಾ ಕುಲ ಉಳಿದಿದ್ದರೆ, ಇಟಾಚಿ ಆಜ್ಞೆಗೆ ಒಲ್ಲೆ ಎಂದಿದ್ದರೆ.

ಇವನ್ನು ಬರೀ ಸಮಾಧಾನ ಅನ್ನಬೇಡಿ. ಆಜ್ಞೆ ಕೊಟ್ಟ ಹಿರಿಯರ ಮಾತು ಒಂದೇ: ಬೇರೆ ದಾರಿ ಇರಲಿಲ್ಲ. ಅಭಿಮಾನಿಯೊಬ್ಬಳು ಇಪ್ಪತ್ತು ಪುಟದಲ್ಲಿ, ಮೂಲ ಪಾತ್ರಗಳ ಸ್ವಭಾವ ಕೆಡಿಸದೆ, ಇನ್ನೊಂದು ದಾರಿ ಬಿಡಿಸಿ ತೋರಿಸಿದರೆ ಆ ಮಾತು ಬಿದ್ದುಹೋಗುತ್ತದೆ. ಹಿರಿಯರು ಹುಡುಕಲಿಲ್ಲ ಎಂದಾಗುತ್ತದೆ. ಅದಕ್ಕಿಂತ ದೊಡ್ಡ ತಕರಾರು ನಾಯಕತ್ವದ ಮೇಲೆ ಇದೆಯೇ? ಕೃಷ್ಣ ಐದೇ ಊರು ಕೇಳಿದ. ದುರ್ಯೋಧನ ಕೊಟ್ಟಿದ್ದರೆ ಹೇಗಿರುತ್ತಿತ್ತು ಎಂದು ಒಬ್ಬರು ಬಿಡಿಸಲಿ. ಎರಡೂ ಕಡೆಯ ಹದಿನೆಂಟು ಅಕ್ಷೋಹಿಣಿ ಸೈನ್ಯದ ಜನ ಸಂಜೆ ಮನೆಗೆ ಹೋಗುವುದನ್ನು ಬಿಡಿಸಲಿ. ಒಂದು ಅಕ್ಷೋಹಿಣಿ ಅಂದರೆ ಕಾಲಾಳುಗಳೇ 1,09,350. ಆ ಜನಸಂದಣಿಯನ್ನು ಎರಡು ಪುಟ ತುಂಬ ನೋಡಿದಾಗಲೇ ಕಳೆದುಕೊಂಡದ್ದು ಎಷ್ಟು ಎಂದು ತಿಳಿಯುತ್ತದೆ.

ಇನ್ನೊಂದು ವಿಷಯ. 'ಮೈ ಹೀರೋ ಅಕಾಡೆಮಿಯಾ' ಮಾಂಗಾದ ಮಹಾವೀರ ಆಲ್ ಮೈಟ್‌ನನ್ನು ಜನ 'ಶಾಂತಿಯ ಸಂಕೇತ' ಅನ್ನುತ್ತಾರೆ. ಹಳೆಯ ಗಾಯದಿಂದ ಕಥೆ ಶುರುವಾಗುವಾಗಲೇ ಅವನು ದಿನಕ್ಕೆ ಸುಮಾರು ಮೂರು ಗಂಟೆ ಮಾತ್ರ ಆ ರೂಪದಲ್ಲಿ ಇರಬಲ್ಲ. ಉಳಿದ ಹೊತ್ತು ರಕ್ತ ಕಾರುವ ಬಡಕಲು ಮನುಷ್ಯ. ಜನರಿಗೆ ಗೊತ್ತಾದರೆ ಧೈರ್ಯ ಕುಸಿಯುತ್ತದೆ ಎಂದು ಬಚ್ಚಿಡುತ್ತಾನೆ. ಅಭಿಮಾನಿಗಳಿಗೆ ಇಷ್ಟದ ಚಿತ್ರ ಅವನ ಆ ಉಳಿದ ಇಪ್ಪತ್ತೊಂದು ಗಂಟೆ. ಒಬ್ಬನ ಮೈಮೇಲೆ ಇಡೀ ದೇಶದ ನೆಮ್ಮದಿಯನ್ನು ಹೇರಿದ ಜನರದ್ದೂ ತಪ್ಪಿಲ್ಲವೇ ಎಂದು ಅವರು ಕೇಳುತ್ತಾರೆ. ನಾವು ನಾಯಕರ ತಪ್ಪು ಮಾತ್ರ ನೋಡುತ್ತಿದ್ದೇವೆ, ನಮ್ಮದನ್ನಲ್ಲ.

ಮುಳ್ಳೇರಿಯದ ಅಮ್ಮ

ನನಗೆ ಈ ಮಾಂಗಾ ಎಲ್ಲ ಮಗಳಿಂದ ಗೊತ್ತಾದದ್ದು. ನಾವು ಓದಿದ್ದು ಬಾಲಮಂಗಳ, ಮಕ್ಕಳ ಪತ್ರಿಕೆ. ಕನ್ನಡ ಶಾಲೆಯ ನಮಗೆ ಡಿಂಗ, ಪಕ್ಕದ ಮನೆಯ ಮಲಯಾಳ ಮೀಡಿಯಂ ಮಕ್ಕಳಿಗೆ ಡಿಂಕನ್. ಒಂದೇ ಇಲಿ, ಎರಡು ಭಾಷೆ. ಪುಸ್ತಕ ಅದಲುಬದಲು ಮಾಡಿಕೊಂಡು ಚಿತ್ರ ನೋಡಿಯೇ ಕಥೆ ಹೇಳುತ್ತಿದ್ದೆವು.

ಡಿಂಗ ಕಷ್ಟ ಎಂದಲ್ಲಿಗೆ ಬರುತ್ತಾನೆ, ದುಷ್ಟರನ್ನು ಬಡಿಯುತ್ತಾನೆ, ಹಾರಿ ಹೋಗುತ್ತಾನೆ. ಮಗುವಿಗೆ ಅಷ್ಟು ಸಾಕು, ಅಷ್ಟು ಬೇಕು ಕೂಡ. ಕಾಪಾಡುವವರು ಒಬ್ಬರು ಇದ್ದಾರೆ ಎಂಬ ನಂಬಿಕೆ ಮೊದಲು ಬೇರೂರಲಿ. ಅನುಮಾನ ಆಮೇಲೆ ಬರಲಿ. ಎಂಟು ವರ್ಷದ ಮಗುವಿನ ಕೈಗೆ ನೇರವಾಗಿ ಮರುದಿನದ ಕಥೆ ಕೊಟ್ಟರೆ ಅದಕ್ಕೆ ಮೊದಲ ದಿನವೇ ಇರುವುದಿಲ್ಲ. ಪುಸ್ತಕದ ಮೇಲೆ ಯಾವ ವಯಸ್ಸಿನವರಿಗೆ ಎಂದು ಬರೆಯಿರಿ, ಅಷ್ಟೇ ನನ್ನ ಬಿನ್ನಹ.

ಬದಿಯಡ್ಕದ ಹಿರಿಯ

ಎಲ್ಲರ ಮಾತು ಓದಿದೆ. ನನಗೊಂದು ಅಸಮಾಧಾನ ಇದೆ, ಹೇಳಿಬಿಡುತ್ತೇನೆ. ಈಗ ಯಾವ ಮಹಾಪುರುಷನ ಕಥೆ ತೆಗೆದರೂ ಅವನನ್ನು ಕಟಕಟೆಯಲ್ಲಿ ನಿಲ್ಲಿಸುವುದೇ ಜಾಣತನ ಎಂದಾಗಿದೆ. ಪ್ರಶ್ನೆ ಕೇಳುವವರು ಯಾವ ಭಾರವನ್ನೂ ಹೊತ್ತವರಲ್ಲ. ಧರ್ಮರಾಯ ಪಟ್ಟ ಬೇಡವೆಂದು ಎಷ್ಟು ಹಟ ಹಿಡಿದ, ಅವನನ್ನು ಒಪ್ಪಿಸಲು ವ್ಯಾಸರು, ಕೃಷ್ಣ, ತಮ್ಮಂದಿರು, ದ್ರೌಪದಿ ಎಲ್ಲರೂ ಎಷ್ಟು ಹೇಳಬೇಕಾಯಿತು! ಆಮೇಲೆ ಮೂವತ್ತಾರು ವರ್ಷ ಆಳಿದ. ಗೆದ್ದವ ಸೋತ, ಸೋತವ ಸತ್ತ ಎನ್ನುತ್ತಾರಲ್ಲ, ಆ ಸೋತ ಗೆಲುವನ್ನು ಹೊತ್ತುಕೊಂಡು ಮೂವತ್ತಾರು ವರ್ಷ ದಿನವೂ ಸಿಂಹಾಸನದಲ್ಲಿ ಕೂರುವುದು ಸುಲಭವೇ? ಅದನ್ನೂ ಬಿಡಿಸಿ.

ರನ್ನನನ್ನು ನೋಡಿ. ಅವನ ಆಶ್ರಯದಾತ ಚಾಲುಕ್ಯ ದೊರೆ ಸತ್ಯಾಶ್ರಯ. ಅವನ ಗದಾಯುದ್ಧ ಕಾವ್ಯದಲ್ಲಿ ಸತ್ಯಾಶ್ರಯನೇ ಭೀಮ. ಹೊಗಳಬೇಕಾದ್ದು ಭೀಮನನ್ನು. ಆದರೂ ದುರ್ಯೋಧನನನ್ನು ರಣರಂಗದಲ್ಲಿ ನಡೆಸಿಕೊಂಡು ಹೋಗುತ್ತಾನೆ. ದ್ರೋಣನ ಹೆಣ, ಅಭಿಮನ್ಯುವಿನ ಹೆಣ, ದುಶ್ಶಾಸನನ ಹೆಣ, ಕರ್ಣನ ಹೆಣ. ವೈರಿಯ ಮಗ ಅಭಿಮನ್ಯುವಿಗೂ ಕೈಮುಗಿಯುತ್ತಾನೆ. ಹತ್ತನೇ ಶತಮಾನದ ಕೊನೆಯಲ್ಲಿ, ರಾಜನ ಅನ್ನ ಉಂಡು, ರಾಜನ ವೈರಿಗೆ ಇಷ್ಟು ಘನತೆ ಕೊಟ್ಟ ಕವಿ. ಭೀಮನನ್ನು ಸಣ್ಣವನನ್ನಾಗಿ ಮಾಡಿ ಅಲ್ಲ, ದುರ್ಯೋಧನನನ್ನು ದೊಡ್ಡವನನ್ನಾಗಿ ಮಾಡಿ. ನಿಮ್ಮ ಕಾಮಿಕ್‌ಗಳು ಈ ದಾರಿ ಹಿಡಿದರೆ ನನ್ನ ಆಕ್ಷೇಪ ಇಲ್ಲ.

ನಮ್ಮ ಕವಿ ಗೋವಿಂದ ಪೈಗಳೂ ಹಾಗೆಯೇ. 'ಗೊಲ್ಗೊಥಾ'ದಲ್ಲಿ ಯೇಸುವಿನ ಕೊನೆಯ ದಿನ, 'ವೈಶಾಖಿ'ಯಲ್ಲಿ ಬುದ್ಧನ ಕೊನೆಯ ದಿನ. ಶಾಂತಿ ಹೇಳಿದ ಇಬ್ಬರ ವಿಜಯಗಳನ್ನು ಬಿಟ್ಟು ಕೊನೆಯ ದಿನವನ್ನೇ ಆರಿಸಿಕೊಂಡರು. ಮಂಜೇಶ್ವರದಲ್ಲಿ ಕೂತು ಬರೆದದ್ದು ಅದು. ಮಂಜೇಶ್ವರದ ತಮ್ಮ ಒಮ್ಮೆ ಓದಲಿ.

ನೀಲೇಶ್ವರದವ

ನಮ್ಮ ಕಡೆ ಇದನ್ನೆಲ್ಲ ಕಾಗದದಲ್ಲಿ ಹುಡುಕಬೇಕಾಗಿಲ್ಲ. ಕದಿವನೂರ್ ವೀರನ್ ತೆಯ್ಯಂ ನೋಡಿ (ತೆಯ್ಯಂ ಅಂದರೆ ನಮ್ಮ ಕಡೆ ದೈವದ ವೇಷ ಕಟ್ಟಿ ಕುಣಿಯುವ ಆರಾಧನೆ). ಮಂದಪ್ಪನೆಂಬ ಯೋಧ ಕೊಡಗಿನವರ ಮೇಲೆ ಯುದ್ಧ ಗೆದ್ದು ವಾಪಸು ಬರುತ್ತಾನೆ. ಕಡಿದುಹೋದ ಕಿರುಬೆರಳು, ಅದರಲ್ಲಿದ್ದ ಉಂಗುರ ನೆನಪಾಗಿ ಪುನಃ ಹೋಗುತ್ತಾನೆ, ವೈರಿಗಳ ಕೈಗೆ ಸಿಕ್ಕಿ ತುಂಡುತುಂಡಾಗುತ್ತಾನೆ. ಹೊರಡುವಾಗ ಕಟುಮಾತು ಆಡಿದ ಹೆಂಡತಿ ಚೆಮ್ಮರತ್ತಿ ಅವನ ಚಿತೆಗೆ ಹಾರುತ್ತಾಳೆ. ಗೆದ್ದ ಯುದ್ಧದ ಕಥೆ ಇದು, ನೆನಪಿರಲಿ. ದೈವದ ಕಥೆ ಹೇಳುವ ತೋಟ್ಟಂ ಹಾಡುವಾಗ ಗೆಲುವು ಬೇಗ ಮುಗಿದುಹೋಗುತ್ತದೆ, ಬೆರಳು ಉಳಿಯುತ್ತದೆ.

ಕನ್ನಡದ ಚಿತ್ರಗಾರರು ತೆಯ್ಯಂ ಬಿಡಿಸುವಾಗ ಮುಖವರ್ಣಿಕೆ, ತಲೆಯ ಮುಡಿ ಮಾತ್ರ ಬಿಡಿಸುತ್ತಾರೆ, ಚಂದ ಕಾಣುತ್ತದೆ ಎಂದು. ಕಥೆಯನ್ನು ಕೇಳಿ ಬಿಡಿಸಿ ಎಂದು ನನ್ನ ಪ್ರಾರ್ಥನೆ.

ಹೊಸಂಗಡಿ ಗುಮಾಸ್ತ

ಕಾನೂನಿನ ವಿಷಯ ಎರಡೇ ಮಾತು. ವ್ಯಾಸ, ರನ್ನ, ಪಾರ್ತಿಸುಬ್ಬರ ಕಥೆಗೆ ಯಾರ ಅಪ್ಪಣೆಯೂ ಬೇಡ. ಆದರೆ ಅಮರ ಚಿತ್ರ ಕಥೆಯ ಭೀಮನ ಚಿತ್ರವನ್ನು ನಕಲು ಮಾಡುವಂತಿಲ್ಲ, ಆ ಗೆರೆ ಅವರದ್ದು. ನಮ್ಮ ದೇಶದಲ್ಲಿ ಕಾಪಿರೈಟ್ ಕರ್ತೃವಿನ ಆಯುಷ್ಯ ಮತ್ತು ಅದರ ಮೇಲೆ 60 ವರ್ಷ. ನರುಟೊ, ಆಲ್ ಮೈಟ್, ಡಿಂಗ ಇವರೆಲ್ಲ ಇನ್ನೂ ಮಾಲೀಕರಿರುವ ಪಾತ್ರಗಳು. ಜಪಾನಿನ ಪ್ರಕಾಶಕರು ಸಾಮಾನ್ಯವಾಗಿ ಕಂಡೂ ಕಾಣದಂತೆ ಇರುತ್ತಾರೆ, ಅದು ಅವರ ಔದಾರ್ಯ, ನಮ್ಮ ಹಕ್ಕಲ್ಲ. ಮಾರಾಟಕ್ಕೆ ಇಡುವ ಮುಂಚೆ ಯೋಚಿಸಿ.

ಆದೋನಿ ಓದುಗ

ಆಂಧ್ರದ ಗಡಿಯಿಂದ ಒಂದು ವಿಷಯ ಸೇರಿಸುತ್ತೇನೆ. ನಮ್ಮ ಕರ್ನೂಲು ಜಿಲ್ಲೆಯ ಎರ್ರಗುಡಿಯಲ್ಲಿ ಅಶೋಕನ ಬಂಡೆಶಾಸನಗಳಿವೆ. ಹದಿಮೂರನೇ ಶಾಸನವೂ ಅಲ್ಲಿದೆ. ಕಳಿಂಗದಲ್ಲಿ ಒಂದು ಲಕ್ಷ ಜನ ಸತ್ತರು, ಒಂದೂವರೆ ಲಕ್ಷ ಜನರನ್ನು ಹಿಡಿದು ಸಾಗಿಸಲಾಯಿತು, ಅದರ ಎಷ್ಟೋ ಪಟ್ಟು ಜನ ಬೇರೆ ರೀತಿಯಲ್ಲಿ ಮಡಿದರು, ಇದಕ್ಕೆ ದೇವಾನಾಂಪ್ರಿಯ (ಅಶೋಕನ ಬಿರುದು) ಮರುಗುತ್ತಾನೆ ಎಂದು ರಾಜನೇ ಕೆತ್ತಿಸಿದ್ದು.

ಶಾಲೆಯಲ್ಲಿ ಇಷ್ಟನ್ನು ಎಲ್ಲರೂ ಓದುತ್ತೇವೆ. ಹೇಳಿಕೊಡದೆ ಬಿಡುವ ಸಂಗತಿ ಇದು: ಕಳಿಂಗದಲ್ಲೇ, ಧೌಲಿ ಮತ್ತು ಜೌಗಡದ ಬಂಡೆಗಳಲ್ಲಿ, ಈ ಹದಿಮೂರನೇ ಶಾಸನ ಇಲ್ಲ. ಅಲ್ಲಿ ಹನ್ನೊಂದು, ಹನ್ನೆರಡು, ಹದಿಮೂರನ್ನು ಬಿಟ್ಟು ಬೇರೆ ಎರಡು ಶಾಸನ ಹಾಕಿದ್ದಾರೆ. 'ಎಲ್ಲ ಜನರೂ ನನ್ನ ಮಕ್ಕಳು' ಎನ್ನುವ ಮಾತು ಅಲ್ಲಿ ಬರುತ್ತದೆ. ಪಶ್ಚಾತ್ತಾಪ ದೂರದ ಊರುಗಳಿಗೆ ಸಿಕ್ಕಿತು, ಪೆಟ್ಟು ತಿಂದ ಊರಿಗೆ ಸಿಗಲಿಲ್ಲ. ಆಡಳಿತದ ಎಚ್ಚರಿಕೆಯೋ, ಗಾಯ ಕೆದಕಬಾರದೆಂಬ ಕರುಣೆಯೋ, ವಿದ್ವಾಂಸರು ಬೇರೆ ಬೇರೆ ಹೇಳುತ್ತಾರೆ. ನನಗೆ ಬೇಕಾದದ್ದು ಆ ಶಾಸನ ಕೆತ್ತುವ ಕಲ್ಲುಕುಟಿಗನ ಕಥೆ. ಧೌಲಿಯವನು, ಅಣ್ಣನನ್ನು ಯುದ್ಧದಲ್ಲಿ ಕಳೆದುಕೊಂಡವನು, ಎದುರಿಗೆ ಬಂಡೆ, ಕೈಯಲ್ಲಿ ಉಳಿ. ರಾಜನ ಮಕ್ಕಳು ಎಂದು ಕೆತ್ತಬೇಕು. ಇದನ್ನು ಯಾರಾದರೂ ಬಿಡಿಸುತ್ತೀರಾ? ಅಶೋಕನನ್ನು ನಾನು ಬಹಳ ಗೌರವಿಸುತ್ತೇನೆ, ಆದ್ದರಿಂದಲೇ ಕೇಳುತ್ತಿದ್ದೇನೆ.

ಪೆರ್ಲದ ಕುಂಚ

ಎಲ್ಲರಿಗೂ ಉತ್ತರ ಒಂದೇ ಕಡೆ ಬರೆಯುತ್ತೇನೆ.

ಹಿರಿಯರೇ, ನಿಮ್ಮ ಮಾತಿನಲ್ಲಿ ನನಗೆ ಹಿಡಿಸಿದ್ದು ಧರ್ಮರಾಯನ ಮೂವತ್ತಾರು ವರ್ಷ. ನಾನು ಅವನನ್ನು ಕಟಕಟೆಗೆ ತರುತ್ತಿಲ್ಲ. ಮುದುಕ ಕಾಡಿಗೆ ಹೋಗುವ ಮುಂಚೆ ಮಕ್ಕಳ ಶ್ರಾದ್ಧಕ್ಕೆ ಹಣ ಕೇಳುತ್ತಾನೆ, ಭೀಮ ಕೊಡಬಾರದು ಎನ್ನುತ್ತಾನೆ. ಆಗ ಧರ್ಮರಾಯ, ಅರ್ಜುನ ತಮ್ಮ ಸ್ವಂತದ್ದರಿಂದ ಕೊಡುತ್ತಾರೆ. ಈ ಘಟನೆಗೆ ಮೂರು ಪುಟ ಇಟ್ಟಿದ್ದೇನೆ. ನಾಯಕತ್ವ ಎಂದು ನಾನು ಒಪ್ಪುವುದು ಅದನ್ನು. ರಥದ ಮೇಲೆ ನಿಂತದ್ದನ್ನಲ್ಲ, ಮನೆಯೊಳಗಿನ ಕೋಪದ ಎದುರು ನಿಂತು ಹಣದ ಗಂಟು ಬಿಚ್ಚಿದ್ದನ್ನು. ಆದರೆ ಹದಿನೈದು ವರ್ಷ ಆ ಮನೆಯೊಳಗೇ ಏನು ನಡೆಯುತ್ತಿತ್ತು ಎಂದು ಅವನಿಗೆ ತಿಳಿಯದೆ ಹೋಯಿತು, ಅದನ್ನೂ ಮುಚ್ಚಿಡಲಾರೆ.

ಅಣ್ಣ, ಭೀಮನ ಮುಖ ಆ ಪುಟದಲ್ಲಿ ಬೇಡ. ಅಲ್ಲಿ ನಾವು ಕುರುಡನ ಕಿವಿಯಲ್ಲಿದ್ದೇವೆ, ಅವನಿಗೆ ಕಾಣದ್ದು ಓದುಗರಿಗೂ ಕಾಣಬಾರದು. ಶ್ರಾದ್ಧದ ಹಣದ ಜಗಳದಲ್ಲಿ ಭೀಮನಿಗೆ ಪೂರ್ತಿ ಒಂದು ಪುಟ ಉಂಟು. ಸಭೆಯಲ್ಲಿ ದ್ರೌಪದಿಯನ್ನು ಎಳೆದಾಗ ಈ ಮುದುಕ ಎಲ್ಲಿದ್ದ ಎಂದು ಅವನು ಕೇಳುತ್ತಾನೆ. ಅಲ್ಲಿ ಮುಖ ದೊಡ್ಡದಾಗಿ ಬಿಡಿಸಿದ್ದೇನೆ, ಕಣ್ಣಲ್ಲಿ ನೀರೂ ಇದೆ.

ಮಾಂಗಾ ತಮ್ಮ, ನಿನ್ನ ವಾದ ಗಟ್ಟಿ. 'ಬೇರೆ ದಾರಿ ಇರಲಿಲ್ಲ' ಎಂಬುದನ್ನು ಬೀಳಿಸುವ ಕಥೆಗೆ ನನ್ನ ವಿರೋಧ ಇಲ್ಲ. ನನ್ನ ತಕರಾರು ಸುಲಭದ ದಾರಿಯ ಬಗ್ಗೆ. ಐದು ಊರು ಕೊಟ್ಟ ದುರ್ಯೋಧನನನ್ನು ಬಿಡಿಸುವುದಾದರೆ, ಆ ಐದು ಊರುಗಳಲ್ಲಿ ಅಲ್ಲಿಯವರೆಗೆ ಯಾರು ಇದ್ದರು, ಊರು ಕೈಬದಲಾದ ದಿನ ಅವರು ಎಲ್ಲಿಗೆ ಹೋದರು, ಯಾವ ಕಡೆಯವರಾಗಿ ಉಳಿದರು ಎಂಬುದನ್ನೂ ಬಿಡಿಸು. 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿದ ಕಾಸರಗೋಡಿನಲ್ಲಿ ಬೆಳೆದವರಿಗೆ ಇದನ್ನು ಹೆಚ್ಚು ಹೇಳಬೇಕಾಗಿಲ್ಲ. ಯುದ್ಧವೇ ಇಲ್ಲದೆ ಗೆರೆ ಎಳೆದರೂ ಗೆರೆಯ ಆಚೆ ಬಿದ್ದವರ ಮನೆಯಲ್ಲಿ ಅದರ ಲೆಕ್ಕ ಮೂರು ತಲೆಮಾರು ನಡೆಯುತ್ತದೆ.

ಅಮ್ಮ, ವಯಸ್ಸು ಬರೆಯುತ್ತೇನೆ. ಹದಿಮೂರಕ್ಕೆ ಮೇಲ್ಪಟ್ಟವರಿಗೆ.

ಆದೋನಿಯವರೇ, ಕಲ್ಲುಕುಟಿಗನ ಕಥೆಯನ್ನು ನಾನು ತೆಗೆದುಕೊಳ್ಳಲೇ? ಎಂಟು ಪುಟ ಸಾಕು. ಮಾತು ಬೇಡ, ಶಬ್ದ ಬೇಡ, ಬಂಡೆ ಮತ್ತು ಕೈ ಮಾತ್ರ. ಆದರೆ ಅಕ್ಷರಗಳು ಸರಿ ಇರಬೇಕು. ಆ ಶಾಸನಗಳ ಬ್ರಾಹ್ಮಿ ಲಿಪಿ ತಿಳಿದವರು ಯಾರಾದರೂ ಇದ್ದೀರಾ?

ಆದೋನಿ ಓದುಗ

ಸಂತೋಷದಿಂದ ತೆಗೆದುಕೊಳ್ಳಿ ಅಕ್ಕ. ಎರ್ರಗುಡಿಯ ಬಂಡೆಗಳ ಫೋಟೊ ತೆಗೆದು ಕಳಿಸುತ್ತೇನೆ, ಉಳಿಯ ಏಟು ಹೇಗೆ ಬಿದ್ದಿದೆ ಎಂದು ನೋಡಲು ಬೇಕಾಗುತ್ತದೆ. ಧೌಲಿಯ ಪಾಠವನ್ನು ಮುದ್ರಿತ ಪುಸ್ತಕದಿಂದಲೇ ತೆಗೆಯಬೇಕು.

ಬದಿಯಡ್ಕದ ಹಿರಿಯ

ಬ್ರಾಹ್ಮಿ ನನಗೆ ಓದಲು ಬರುತ್ತದೆ. ಎಡದಿಂದ ಬಲಕ್ಕೇ ಕೆತ್ತುವುದು, ತಲೆಕಟ್ಟು ಇಲ್ಲ, ನಮ್ಮ ಅಕ್ಷರಗಳಿಗಿಂತ ಗೆರೆ ಕಡಿಮೆ. 'ಮಕ್ಕಳು' ಎನ್ನಲು ಅಲ್ಲಿ 'ಪಜಾ' ಎಂದಿದೆ, ಎರಡೇ ಅಕ್ಷರ. ಕುಟಿಗನ ಕೈ ಯಾವ ಗೆರೆಯಲ್ಲಿ ನಿಂತಿದೆ ಎಂದು ಮೊದಲು ತೀರ್ಮಾನ ಮಾಡಿ. ಪೆನ್ಸಿಲ್ ಕರಡು ಕಳಿಸಿದರೆ ಅಕ್ಷರ ತಿದ್ದಿ ಕೊಡುತ್ತೇನೆ, ಇಂಕ್ ಹಾಕುವ ಮುಂಚೆ ಕಳಿಸಿ.